ರೋಗದ ಕಾರಣವನ್ನು ಹುಡುಕುವ ಬಗೆ: ಸರಿಜೋಡಿಯ ಹೋಲಿಕೆ

ಒಂದು ಮನೆಗೆ ಕಾಯಿಲೆ ಬಂದಿತೆಂದರೆ ಆ ಮನೆಯವರೂ ನೆರೆಹೊರೆಯವರೂ ಮೊದಲು ಕೇಳುವ ಪ್ರಶ್ನೆ "ಇದು ಏತರಿಂದ ಬಂದಿತು?" ಎಂಬುದು. ಪ್ರಶ್ನೆ ಸಹಜವಾದುದು. ಆದರೆ ಅದಕ್ಕೆ ದೊರೆಯುವ ಉತ್ತರಗಳು ಹಲವು. ಒಬ್ಬರು ನೀರನ್ನು ದೂರುವರು. ಇನ್ನೊಬ್ಬರು ಗಾಳಿಯನ್ನು ದೂರುವರು. ಮತ್ತೊಬ್ಬರು ಉಣ್ಣುವ ಅನ್ನದ ಮೇಲೆಯೇ ತಪ್ಪು ಹೊರಿಸುವರು. ಎಲ್ಲವೂ ಗ್ರಹಚಾರವೆಂದು ನಿಟ್ಟುಸಿರು ಬಿಟ್ಟು ಸುಮ್ಮನಾಗುವವರೂ ಉಂಟು. ಇವುಗಳಲ್ಲಿ ಯಾವುದು ನಿಜ, ಯಾವುದು ಬರಿಯ ಊಹೆ ಎಂಬುದನ್ನು ನಿರ್ಣಯಿಸುವುದು ಹೇಗೆ? ಈ ನಿರ್ಣಯಕ್ಕಾಗಿಯೇ ವೈದ್ಯವಿಜ್ಞಾನದಲ್ಲಿ ಒಂದು ಶಾಖೆ ಬೆಳೆದಿದೆ. ಅದನ್ನು ಎಪಿಡೆಮಿಯಾಲಜಿ ಎಂದು ಕರೆಯುತ್ತಾರೆ. ಒಬ್ಬ ರೋಗಿಯ ದೇಹವನ್ನು ಪರೀಕ್ಷಿಸಿ ಔಷಧ ಕೊಡುವುದು ವೈದ್ಯನ ಕೆಲಸ. ಒಂದು ಜನಸಮುದಾಯದಲ್ಲಿ ರೋಗವು ಯಾರಿಗೆ ಬರುತ್ತದೆ, ಯಾರಿಗೆ ಬರುವುದಿಲ್ಲ, ಹೀಗೇಕೆ ಎಂಬುದನ್ನು ಎಣಿಸಿ ವಿಚಾರಿಸುವುದು ಈ ಶಾಸ್ತ್ರದ ಕೆಲಸ.

ಈ ಶಾಸ್ತ್ರದ ಒಂದು ಮುಖ್ಯ ವಿಧಾನವನ್ನು ನಮ್ಮ ವಿದ್ಯಾರ್ಥಿಗಳಿಗೂ ಅವರ ತಂದೆತಾಯಿಗಳಿಗೂ ಪರಿಚಯ ಮಾಡಿಕೊಡುವುದು ಈ ಲೇಖನದ ಉದ್ದೇಶ. ವಿಷಯವು ದೂರದ್ದೆಂದು ಯಾರೂ ತಿಳಿಯಬೇಕಾಗಿಲ್ಲ. ಬೆಳುಗುಪ್ಪದಂತಹ ಊರುಗಳಲ್ಲಿ, ರಾಯದುರ್ಗ ಮಡಕಶಿರಾ ಸೀಮೆಯ ಕನ್ನಡ ಮನೆಗಳಲ್ಲಿ, ಎರಡು ವಸ್ತುಗಳು ಎಲ್ಲರಿಗೂ ಚಿರಪರಿಚಿತ. ಒಂದು, ತಟ್ಟೆಯಲ್ಲಿರುವ ರಾಗಿಯ ಮುದ್ದೆ. ಇನ್ನೊಂದು, ಹಿರಿಯರ ಸೊಂಟದಲ್ಲಿರುವ ಎಲೆ, ಅಡಿಕೆ, ಸುಣ್ಣ, ಹೊಗೆಸೊಪ್ಪುಗಳ ಸಂಚಿ. ಬೆಂಗಳೂರಿನಲ್ಲಿ ನಡೆದ ಒಂದು ಸಂಶೋಧನೆಯಲ್ಲಿ ಈ ಎರಡೂ ಬಾಯಿಯ ಕ್ಯಾನ್ಸರ್ ರೋಗಕ್ಕೆ ಕಾರಣವಿರಬಹುದೆಂಬ ಆರೋಪಕ್ಕೆ ಒಳಗಾದವು. ಎರಡರ ಮೇಲೂ ಬಂದ ಆರೋಪ ಒಂದೇ ಬಗೆಯದಾಗಿ ತೋರಿದರೂ ಎರಡರ ಮೇಲಿನ ತೀರ್ಪು ಒಂದೇ ಆಗಲಿಲ್ಲ. ಏಕೆ ಆಗಲಿಲ್ಲ ಎಂಬುದನ್ನು ತಿಳಿದವರಿಗೆ ಈ ಶಾಸ್ತ್ರದ ತಿರುಳು ಕೈಸೇರಿದಂತೆಯೇ ಸರಿ.

ಹೋಲಿಕೆಯಿಲ್ಲದೆ ಅರಿವಿಲ್ಲ

"ಬಾಯಿಯ ಕ್ಯಾನ್ಸರಿನಿಂದ ನರಳುವ ನೂರು ಮಂದಿಯಲ್ಲಿ ಎಪ್ಪತ್ತು ಮಂದಿ ಹೊಗೆಸೊಪ್ಪು ಅಗಿಯುವವರು" ಎಂದು ಯಾರಾದರೂ ಹೇಳಿದರೆನ್ನಿ. ಒಡನೆಯೇ ನಾವು "ಹಾಗಾದರೆ ಹೊಗೆಸೊಪ್ಪೇ ಕಾರಣ" ಎನ್ನಬಹುದೆ? ಎನ್ನಲಾಗದು. ಆ ನೂರು ಮಂದಿಯೂ ಉಪ್ಪು ತಿಂದವರೇ, ಬಾವಿಯ ನೀರು ಕುಡಿದವರೇ ಆಗಿರಬಹುದು. ಅಷ್ಟು ಮಾತ್ರದಿಂದ ಉಪ್ಪು ನೀರುಗಳು ಅಪರಾಧಿಗಳಾಗುವುದಿಲ್ಲ. ನಾವು ಕೇಳಬೇಕಾದ ಎರಡನೆಯ ಪ್ರಶ್ನೆಯೊಂದುಂಟು: "ಆ ರೋಗವಿಲ್ಲದ ನೂರು ಮಂದಿಯಲ್ಲಿ ಹೊಗೆಸೊಪ್ಪು ಅಗಿಯುವವರು ಎಷ್ಟು?" ಅವರಲ್ಲಿಯೂ ಎಪ್ಪತ್ತು ಮಂದಿ ಇದ್ದರೆ ಹೊಗೆಸೊಪ್ಪಿನ ಮೇಲಿನ ಸಂಶಯಕ್ಕೆ ಆಧಾರವಿಲ್ಲ. ಅವರಲ್ಲಿ ಇಪ್ಪತ್ತೇ ಮಂದಿ ಇದ್ದರೆ ಸಂಶಯಕ್ಕೆ ಬಲ ಬರುತ್ತದೆ. ಹೀಗೆ ರೋಗಿಗಳ ಗುಂಪಿನ ಎದುರಿಗೆ ರೋಗವಿಲ್ಲದವರ ಗುಂಪೊಂದನ್ನು ನಿಲ್ಲಿಸಲೇಬೇಕು. ಈ ಎರಡನೆಯದನ್ನು ಹೋಲಿಕೆಯ ಗುಂಪು ಎಂದು ಕರೆಯೋಣ.

ರೈತನಿಗೆ ಈ ಮಾತು ಹೊಸದಲ್ಲ. ಹೊಸ ಗೊಬ್ಬರವನ್ನು ಕಡಲೆಕಾಯಿಯ ಹೊಲಕ್ಕೆ ಹಾಕಿ ಬೆಳೆ ಚೆನ್ನಾಗಿ ಬಂದರೆ, ಅದು ಗೊಬ್ಬರದ ಗುಣವೋ ಆ ವರ್ಷದ ಮಳೆಯ ಗುಣವೋ ಎಂದು ತಿಳಿಯಬೇಕಾದರೆ, ಗೊಬ್ಬರ ಹಾಕದ ಇನ್ನೊಂದು ಹೊಲವನ್ನು ನೋಡಬೇಕು. ಆ ಇನ್ನೊಂದು ಹೊಲವೂ ಅದೇ ಮಣ್ಣಿನದಾಗಿರಬೇಕು, ಅದೇ ಮಳೆಯನ್ನು ಕಂಡಿರಬೇಕು, ಅದೇ ಹದದಲ್ಲಿ ಬಿತ್ತನೆಯಾಗಿರಬೇಕು. ಕೆಂಪು ಮಣ್ಣಿನ ಹೊಲವನ್ನು ಕರಿ ಮಣ್ಣಿನ ಹೊಲದೊಡನೆ ಹೋಲಿಸಿ ಗೊಬ್ಬರವನ್ನು ಹೊಗಳಿದರೆ ಅದು ನ್ಯಾಯವಾದ ಹೋಲಿಕೆಯಲ್ಲ.

ಹಿಂದಕ್ಕೆ ನೋಡುವ ವಿಧಾನ

ರೋಗದ ಕಾರಣವನ್ನು ಪರೀಕ್ಷಿಸಲು ಎರಡು ಮಾರ್ಗಗಳಿವೆ. ಮೊದಲನೆಯದು, ಹೊಗೆಸೊಪ್ಪು ಅಗಿಯುವ ಸಹಸ್ರಾರು ಜನರನ್ನೂ ಅಗಿಯದ ಸಹಸ್ರಾರು ಜನರನ್ನೂ ಹಲವು ವರ್ಷಗಳ ಕಾಲ ಗಮನಿಸುತ್ತ, ಯಾರಿಗೆ ರೋಗ ಬರುತ್ತದೆಂದು ಕಾದು ನೋಡುವುದು. ಇದು ಮುಂದಕ್ಕೆ ನೋಡುವ ಮಾರ್ಗ. ಒಳ್ಳೆಯದೇ ಆದರೂ ಅದಕ್ಕೆ ಕಾಲವೂ ಹಣವೂ ಬಹಳವಾಗಿ ಬೇಕು. ಕ್ಯಾನ್ಸರಿನಂತಹ ರೋಗವು ಬಲಿಯಲು ಹತ್ತಾರು ವರ್ಷಗಳು ಹಿಡಿಯುತ್ತವೆ. ಸಹಸ್ರದಲ್ಲಿ ಕೆಲವರಿಗೆ ಮಾತ್ರ ಬರುತ್ತದೆ. ಎರಡನೆಯದು, ಈಗಾಗಲೇ ರೋಗ ಬಂದವರನ್ನು ಒಂದೆಡೆ ಸೇರಿಸಿ, ರೋಗ ಬಾರದ ಹೋಲಿಕೆಯವರನ್ನು ಇನ್ನೊಂದೆಡೆ ಇಟ್ಟುಕೊಂಡು, ಇಬ್ಬರ ಹಿಂದಿನ ಜೀವನವನ್ನು ಒಂದೇ ಬಗೆಯ ಪ್ರಶ್ನೆಗಳಿಂದ ವಿಚಾರಿಸುವುದು. ಇದು ಹಿಂದಕ್ಕೆ ನೋಡುವ ಮಾರ್ಗ. ಸ್ವಲ್ಪ ಕಾಲದಲ್ಲಿ, ಕೆಲವೇ ನೂರು ಜನರಿಂದ ಉತ್ತರ ದೊರೆಯುತ್ತದೆ.

ಈ ಎರಡನೆಯ ಮಾರ್ಗವನ್ನು ಲೋಕಪ್ರಸಿದ್ಧ ಮಾಡಿದವರಲ್ಲಿ ಇಂಗ್ಲೆಂಡಿನ ರಿಚರ್ಡ್ ಡಾಲ್ ಮತ್ತು ಬ್ರಾಡ್‌ಫರ್ಡ್ ಹಿಲ್ ಎಂಬ ವಿದ್ವಾಂಸರು ಪ್ರಮುಖರು. ಅವರು ಲಂಡನ್ನಿನ ಇಪ್ಪತ್ತು ಆಸ್ಪತ್ರೆಗಳಿಂದ ಶ್ವಾಸಕೋಶದ ಕ್ಯಾನ್ಸರ್ ಆದ ೭೦೯ ರೋಗಿಗಳನ್ನು ವಿಚಾರಿಸಿದರು. ಒಬ್ಬೊಬ್ಬ ರೋಗಿಗೂ ಪ್ರತಿಯಾಗಿ, ಅದೇ ಆಸ್ಪತ್ರೆಯಲ್ಲಿ ಬೇರೆ ಕಾಯಿಲೆಗಾಗಿ ಇದ್ದ, ಹೆಣ್ಣಿಗೆ ಹೆಣ್ಣು ಗಂಡಿಗೆ ಗಂಡು ಎಂಬಂತೆ, ಅದೇ ಐದು ವರ್ಷಗಳ ವಯೋಮಾನದ ಒಬ್ಬೊಬ್ಬರನ್ನು ಆರಿಸಿಕೊಂಡರು. ಹೀಗೆ ೭೦೯ ರೋಗಿಗಳಿಗೆ ೭೦೯ ಹೋಲಿಕೆಯವರು ದೊರೆತರು. ೧೯೫೦ರಲ್ಲಿ ಪ್ರಕಟವಾದ ಅವರ ಲೆಕ್ಕ ಹೀಗಿತ್ತು: ಗಂಡಸರ ಪೈಕಿ ೬೪೯ ರೋಗಿಗಳಲ್ಲಿ ಧೂಮಪಾನ ಮಾಡದವರು ಕೇವಲ ೨ ಮಂದಿ, ೬೪೯ ಹೋಲಿಕೆಯವರಲ್ಲಿ ಅಂಥವರು ೨೭ ಮಂದಿ. ಹೆಂಗಸರ ಪೈಕಿ ೬೦ ರೋಗಿಗಳಲ್ಲಿ ಧೂಮಪಾನ ಮಾಡುತ್ತಿದ್ದವರು ೪೧ ಮಂದಿ. ೬೦ ಹೋಲಿಕೆಯವರಲ್ಲಿ ೨೮ ಮಂದಿ. ಧೂಮಪಾನವು ಅಂದು ಲಂಡನ್ನಿನ ಗಂಡಸರಲ್ಲಿ ಬಹುತೇಕ ಎಲ್ಲರಿಗೂ ಇದ್ದ ಅಭ್ಯಾಸ. ಹೀಗಿರುವಾಗ ರೋಗಿಗಳನ್ನು ಮಾತ್ರ ನೋಡಿದ್ದರೆ ಏನೂ ತಿಳಿಯುತ್ತಿರಲಿಲ್ಲ. ಎದುರಿಗೆ ಸರಿಸಮನಾದ ಗುಂಪನ್ನು ನಿಲ್ಲಿಸಿದುದರಿಂದಲೇ ೨ಕ್ಕೂ ೨೭ಕ್ಕೂ ಇರುವ ಅಂತರ ಕಣ್ಣಿಗೆ ಬಿದ್ದಿತು.

ಭಾರತದಲ್ಲಿಯೂ ಈ ಕೆಲಸ ತಡವಾಗಿ ಆರಂಭವಾಗಲಿಲ್ಲ. ತಿರುವಾಂಕೂರಿನ ನೆಯ್ಯೂರಿನಲ್ಲಿದ್ದ ಡಾಕ್ಟರ್ ಓರ್ ಎಂಬವರು ಎಲೆಅಡಿಕೆ ಮೆಲ್ಲುವವರ ಬಾಯಿಯ ಕ್ಯಾನ್ಸರನ್ನು ಕುರಿತು ೧೯೩೩ರಲ್ಲಿಯೇ ಬರೆದರು. ಮುಂಬಯಿಯಲ್ಲಿ ಸಾಂಘ್ವಿ, ರಾವ್, ಖಾನೋಲ್ಕರ್ ಎಂಬ ವಿಜ್ಞಾನಿಗಳು ರೋಗಿಗಳನ್ನೂ ಹೋಲಿಕೆಯವರನ್ನೂ ವಿಚಾರಿಸಿ, ಹೊಗೆಸೊಪ್ಪನ್ನು ಸೇದುವುದಕ್ಕೂ ಅಗಿಯುವುದಕ್ಕೂ ಬಾಯಿ ಗಂಟಲುಗಳ ಕ್ಯಾನ್ಸರಿಗೂ ಇರುವ ಸಂಬಂಧವನ್ನು ೧೯೫೫ರಲ್ಲಿ ಪ್ರಕಟಿಸಿದರು.

ಜೋಡಿ ಕಟ್ಟುವುದು ಏಕೆ?

ಹೋಲಿಕೆಯ ಗುಂಪು ಇದ್ದರೆ ಸಾಲದು, ಅದು ತಕ್ಕುದಾಗಿರಬೇಕು. ಒಂದು ವಿನೋದದ ಉದಾಹರಣೆಯನ್ನು ಕಲ್ಪಿಸಿಕೊಳ್ಳೋಣ. ಅರವತ್ತು ವರ್ಷ ವಯಸ್ಸಿನ ನೂರು ಮಂದಿ ಕ್ಯಾನ್ಸರ್ ರೋಗಿಗಳನ್ನು ಒಂದು ಕಡೆ ಕೂಡಿಸಿ, ಹೋಲಿಕೆಗಾಗಿ ಕಾಲೇಜಿನ ನೂರು ಮಂದಿ ಯುವಕರನ್ನು ಕರೆತಂದೆವೆನ್ನಿ. ಆಗ ರೋಗಿಗಳಲ್ಲಿ ನರೆಗೂದಲು, ಕನ್ನಡಕ, ಊರುಗೋಲು ಇವು ಹೇರಳವಾಗಿಯೂ ಯುವಕರಲ್ಲಿ ವಿರಳವಾಗಿಯೂ ಕಾಣುವುವು. ನರೆಗೂದಲೇ ಕ್ಯಾನ್ಸರಿಗೆ ಕಾರಣವೆಂದು ನಮ್ಮ ಲೆಕ್ಕ ಸಾಧಿಸಿಬಿಡುತ್ತದೆ! ಇಲ್ಲಿ ನಮ್ಮನ್ನು ದಾರಿ ತಪ್ಪಿಸಿದುದು ವಯಸ್ಸು. ವಯಸ್ಸಾದಂತೆ ಕೂದಲೂ ನೆರೆಯುತ್ತದೆ, ಕ್ಯಾನ್ಸರ್ ಬರುವ ಸಂಭವವೂ ಹೆಚ್ಚುತ್ತದೆ. ಹೀಗೆ ಎರಡಕ್ಕೂ ಸಂಬಂಧಪಟ್ಟ ಮೂರನೆಯದೊಂದು ನಡುವೆ ನಿಂತು, ಸಂಬಂಧವಿಲ್ಲದ ಎರಡನ್ನು ಕಾರಣ ಕಾರ್ಯಗಳೆಂದು ತೋರಿಸುವುದುಂಟು. ಅದನ್ನು ಗೊಂದಲಕಾರಿ ಸಂಗತಿ ಎನ್ನಬಹುದು.

ಈ ಗೊಂದಲವನ್ನು ಕಳೆಯುವ ಉಪಾಯಗಳಲ್ಲಿ ಒಂದೇ ಜೋಡಿ ಕಟ್ಟುವುದು. ಅರವತ್ತರ ರೋಗಿಗೆ ಅರವತ್ತರ ಆರೋಗ್ಯವಂತ, ಹೆಣ್ಣಿಗೆ ಹೆಣ್ಣು, ಒಂದು ಬೀದಿಯವನಿಗೆ ಅದೇ ಬೀದಿಯವನು ಎಂಬಂತೆ ಜತೆಗೂಡಿಸಿದರೆ, ವಯಸ್ಸು, ಲಿಂಗ, ವಾಸಸ್ಥಳ ಈ ಮೂರು ಎರಡು ಕಡೆಯೂ ಸಮನಾಗಿ ನಿಲ್ಲುತ್ತವೆ. ಆಮೇಲೆ ಉಳಿದು ಕಾಣುವ ಅಂತರಕ್ಕೆ ಆ ಮೂರು ಕಾರಣವಾಗಲಾರವು.

ದನಗಳ ಜಾತ್ರೆಯಲ್ಲಿ ಎತ್ತಿಗೆ ಜೋಡಿ ಹುಡುಕುವ ರೈತನನ್ನು ನೋಡಿರಿ. ಅವನು ಹಲ್ಲು ನೋಡಿ ವಯಸ್ಸು ತಿಳಿಯುತ್ತಾನೆ, ಎತ್ತರವನ್ನು ಸರಿದೂಗಿಸುತ್ತಾನೆ, ನಡಿಗೆಯನ್ನು ಪರೀಕ್ಷಿಸುತ್ತಾನೆ. ಇವು ನೊಗದ ಕೆಲಸಕ್ಕೆ ಮುಖ್ಯವಾದುವು. ಕೊರಳ ಗಂಟೆಯ ನಾದ ಒಂದೇ ಆಗಿರಬೇಕೆಂದು ಹಟ ಹಿಡಿದರೆ ಜಾತ್ರೆ ಮುಗಿದರೂ ಜೋಡಿ ದೊರೆಯುವುದಿಲ್ಲ. ಸಂಶೋಧಕನೂ ಹಾಗೆಯೇ, ರೋಗದೊಡನೆಯೂ ಅಭ್ಯಾಸದೊಡನೆಯೂ ಸಂಬಂಧವಿರುವ ಕೆಲವೇ ಲಕ್ಷಣಗಳನ್ನು ಆರಿಸಿ ಜೋಡಿ ಕಟ್ಟಬೇಕು.

ಇಲ್ಲಿ ಒಂದು ಎಚ್ಚರವುಂಟು. ಯಾವುದನ್ನು ಪರೀಕ್ಷಿಸಬೇಕೋ ಅದನ್ನೇ ಸಮ ಮಾಡಿಬಿಡಬಾರದು. ಹೊಗೆಸೊಪ್ಪನ್ನು ಪರೀಕ್ಷಿಸಲು ಹೊರಟವನು ರೋಗಿಗೆ ಜೋಡಿಯಾಗಿ, ದಿನವೂ ಜಗಲಿಯ ಮೇಲೆ ಕುಳಿತು ಅವನ ಸಂಚಿಯಿಂದಲೇ ಎಲೆ ಹಂಚಿಕೊಳ್ಳುವ ಗೆಳೆಯನನ್ನು ಕರೆತಂದರೆ ಏನಾದೀತು? ಇಬ್ಬರೂ ಅಗಿಯುವವರೇ. ಅಂತರವೇ ಕಾಣದು; ನಿಜವಾದ ಅಪರಾಧಿ ತಪ್ಪಿಸಿಕೊಂಡು ಹೋಗುತ್ತಾನೆ. ಇದಕ್ಕೆ ಅತಿಜೋಡಣೆ ಎನ್ನಬಹುದು. ಅಲ್ಲದೆ, ಜೋಡಿ ಕಟ್ಟಿದ ಲಕ್ಷಣದ ಪರಿಣಾಮವನ್ನು ಅದೇ ಸಂಶೋಧನೆಯಿಂದ ಅಳೆಯಲಾಗುವುದಿಲ್ಲ. ವಯಸ್ಸನ್ನು ಸಮ ಮಾಡಿದ ಮೇಲೆ "ವಯಸ್ಸಿನಿಂದ ರೋಗ ಎಷ್ಟು ಹೆಚ್ಚುತ್ತದೆ?" ಎಂದು ಆ ಲೆಕ್ಕವನ್ನು ಕೇಳಿ ಫಲವಿಲ್ಲ.

ಒಬ್ಬ ರೋಗಿಗೆ ಒಬ್ಬನೇ ಜೋಡಿ ಎಂಬ ನಿಯಮವೂ ಇಲ್ಲ. ರೋಗವು ಅತ್ಯಂತ ವಿರಳವಾದಾಗ ಒಬ್ಬೊಬ್ಬ ರೋಗಿಗೆ ಇಬ್ಬರನ್ನೋ ನಾಲ್ವರನ್ನೋ ಜತೆಗೂಡಿಸುವುದುಂಟು. ಅಮೆರಿಕದ ಬಾಸ್ಟನ್ ನಗರದಲ್ಲಿ ಎಳೆಯ ವಯಸ್ಸಿನ ಎಂಟು ಮಂದಿ ಸ್ತ್ರೀಯರಿಗೆ ಅಪರೂಪದ ಕ್ಯಾನ್ಸರೊಂದು ಬಂದಾಗ, ಹರ್ಬ್‌ಸ್ಟ್ ಎಂಬ ವೈದ್ಯರೂ ಅವರ ಸಂಗಡಿಗರೂ ಪ್ರತಿ ರೋಗಿಗೂ ನಾಲ್ವರಂತೆ ೩೨ ಹೋಲಿಕೆಯವರನ್ನು ಆರಿಸಿ ತಾಯಂದಿರನ್ನು ವಿಚಾರಿಸಿದರು. ರೋಗಿಗಳ ಎಂಟು ತಾಯಂದಿರಲ್ಲಿ ಏಳು ಮಂದಿ ಗರ್ಭಿಣಿಯರಾಗಿದ್ದಾಗ ಸ್ಟಿಲ್‌ಬೆಸ್ಟ್ರಾಲ್ ಎಂಬ ಔಷಧವನ್ನು ಸೇವಿಸಿದ್ದರು. ೩೨ ತಾಯಂದಿರಲ್ಲಿ ಒಬ್ಬರೂ ಸೇವಿಸಿರಲಿಲ್ಲ. ೧೯೭೧ರಲ್ಲಿ ಪ್ರಕಟವಾದ ಈ ಪುಟ್ಟ ಲೆಕ್ಕ ಲೋಕವನ್ನೇ ಎಚ್ಚರಿಸಿತು. ಜೋಡಿ ಸರಿಯಾಗಿದ್ದರೆ ಎಂಟು ಮಂದಿಯಿಂದಲೂ ಸತ್ಯ ಹೊರಬೀಳಬಹುದು.

ಕಟ್ಟಿದ ಜೋಡಿಯನ್ನು ಲೆಕ್ಕದಲ್ಲಿ ಬಿಚ್ಚಬಾರದು

ಮೇಲಿನ ತರಗತಿಗಳ ವಿದ್ಯಾರ್ಥಿಗಳು ಈಗ ಸೀಸದ ಕಡ್ಡಿಯನ್ನು ಕೈಗೆ ತೆಗೆದುಕೊಳ್ಳಬಹುದು. ತಿಳಿವಳಿಕೆಗಾಗಿ ಒಂದು ಕಲ್ಪಿತ ಲೆಕ್ಕವನ್ನು ಮಾಡೋಣ. ನೂರು ಜೋಡಿಗಳಿವೆ, ಪ್ರತಿ ಜೋಡಿಯಲ್ಲಿ ಒಬ್ಬ ರೋಗಿ, ಒಬ್ಬ ಹೋಲಿಕೆಯವನು. ಇವುಗಳಲ್ಲಿ,

೨೦ ಜೋಡಿಗಳಲ್ಲಿ ಇಬ್ಬರೂ ಹೊಗೆಸೊಪ್ಪು ಅಗಿಯುವವರು;
೩೦ ಜೋಡಿಗಳಲ್ಲಿ ಇಬ್ಬರೂ ಅಗಿಯದವರು;
೪೫ ಜೋಡಿಗಳಲ್ಲಿ ರೋಗಿ ಮಾತ್ರ ಅಗಿಯುವವನು;
೫ ಜೋಡಿಗಳಲ್ಲಿ ಹೋಲಿಕೆಯವನು ಮಾತ್ರ ಅಗಿಯುವವನು.

ಇಬ್ಬರೂ ಅಗಿಯುವ ಜೋಡಿ ನಮಗೇನು ಹೇಳುತ್ತದೆ? ಏನನ್ನೂ ಹೇಳುವುದಿಲ್ಲ. ತಕ್ಕಡಿಯ ಎರಡು ತಟ್ಟೆಗಳಲ್ಲಿಯೂ ಒಂದೇ ತೂಕವಿದ್ದರೆ ಮುಳ್ಳು ಅಲುಗುವುದಿಲ್ಲವಷ್ಟೆ. ಇಬ್ಬರೂ ಅಗಿಯದ ಜೋಡಿಯೂ ಹಾಗೆಯೇ. ಆದುದರಿಂದ ಈ ಐವತ್ತು ಜೋಡಿಗಳನ್ನು ಬದಿಗಿಡಬೇಕು. ಸಾಕ್ಷಿ ಹೇಳುವುವು ಉಳಿದ ಐವತ್ತು ಭಿನ್ನ ಜೋಡಿಗಳು ಮಾತ್ರ. ಅವುಗಳಲ್ಲಿ ೪೫ ಜೋಡಿಗಳು ಒಂದು ಕಡೆಗೂ ೫ ಜೋಡಿಗಳು ಇನ್ನೊಂದು ಕಡೆಗೂ ವಾಲಿವೆ. ೪೫ನ್ನು ೫ರಿಂದ ಭಾಗಿಸಿದರೆ ೯. ಅಂದರೆ ಅಗಿಯುವವರಿಗೆ ಅಗಿಯದವರಿಗಿಂತ ರೋಗದ ಅಪಾಯ ಸುಮಾರು ಒಂಬತ್ತು ಪಟ್ಟು ಎಂದಾಯಿತು.

ಈಗ ಜೋಡಿಗಳನ್ನು ಬಿಚ್ಚಿ ಎಲ್ಲರನ್ನೂ ಎರಡು ರಾಶಿಯಾಗಿ ಎಣಿಸೋಣ. ರೋಗಿಗಳಲ್ಲಿ ಅಗಿಯುವವರು ೬೫, ಅಗಿಯದವರು ೩೫. ಹೋಲಿಕೆಯವರಲ್ಲಿ ಅಗಿಯುವವರು ೨೫, ಅಗಿಯದವರು ೭೫. ಅಡ್ಡಗುಣಿಸಿದರೆ ಒಂದು ಕಡೆ ೬೫ × ೭೫, ಅಂದರೆ ೪,೮೭೫. ಇನ್ನೊಂದು ಕಡೆ ೩೫ × ೨೫, ಅಂದರೆ ೮೭೫. ಭಾಗಿಸಿದಾಗ ಬರುವುದು ಸುಮಾರು ಐದೂವರೆ. ಒಂಬತ್ತು ಇದ್ದುದು ಐದೂವರೆಗೆ ಇಳಿಯಿತು! ಜನರು ಬದಲಾಗಲಿಲ್ಲ, ಅವರ ಉತ್ತರಗಳು ಬದಲಾಗಲಿಲ್ಲ; ಎಣಿಸುವ ಕ್ರಮ ಮಾತ್ರ ಬದಲಾಯಿತು. ಒಂದೇ ವಯಸ್ಸಿನ, ಒಂದೇ ಕೇರಿಯ ಇಬ್ಬರ ಅಭ್ಯಾಸಗಳು ಸ್ವಲ್ಪಮಟ್ಟಿಗೆ ಒಂದನ್ನೊಂದು ಹೋಲುತ್ತವೆ. ಆ ಹೋಲಿಕೆಯನ್ನು ಮರೆತು ರಾಶಿ ಹಾಕಿದರೆ ನಿಜವಾದ ಅಂತರ ಮಸುಕಾಗಿ ಕಾಣುತ್ತದೆ. ಆರಿಸುವಾಗ ಕಟ್ಟಿದ ಜೋಡಿಯನ್ನು ಎಣಿಸುವಾಗ ಬಿಚ್ಚಬಾರದೆಂಬ ನಿಯಮಕ್ಕೆ ಇದೇ ಕಾರಣ.

ಭಿನ್ನ ಜೋಡಿಗಳಿಂದ ನಿರ್ಣಯ ಮಾಡುವ ಗಣಿತವನ್ನು ಮೆಕ್‌ನೆಮರ್ ಎಂಬವರು ೧೯೪೭ರಲ್ಲಿ ವಿವರಿಸಿದರು. ಒಬ್ಬೊಬ್ಬರಿಗೆ ಒಬ್ಬೊಬ್ಬರನ್ನು ಕಟ್ಟದೆ, ವಯಸ್ಸಿನ ಗುಂಪುಗಳಾಗಿ ವಿಂಗಡಿಸಿ, ಪ್ರತಿ ಗುಂಪಿನೊಳಗೆ ಹೋಲಿಸಿ, ಕೊನೆಗೆ ಒಟ್ಟುಗೂಡಿಸುವ ಇನ್ನೊಂದು ಕ್ರಮವನ್ನು ಮ್ಯಾಂಟೆಲ್ ಮತ್ತು ಹೆನ್‌ಜೆಲ್ ಎಂಬ ಇಬ್ಬರು ೧೯೫೯ರಲ್ಲಿ ಕೊಟ್ಟರು. ಈಗ ಗಣಕಯಂತ್ರಗಳು ಇಂತಹ ಲೆಕ್ಕಗಳನ್ನು ಕ್ಷಣದಲ್ಲಿ ಮಾಡುತ್ತವೆ; ಒಳಗಿರುವ ನ್ಯಾಯ ಮಾತ್ರ ಮೇಲೆ ಹೇಳಿದುದೇ.

ಬೆಂಗಳೂರಿನ ಸಂಶೋಧನೆ

ಈಗ ನಮ್ಮ ಮುಖ್ಯ ಉದಾಹರಣೆಗೆ ಬರೋಣ. ಕಿದ್ವಾಯಿ ಆಸ್ಪತ್ರೆಯೆಂದು ನಮ್ಮ ಸೀಮೆಯವರಿಗೂ ಪರಿಚಿತವಾಗಿರುವ ಬೆಂಗಳೂರಿನ ಕ್ಯಾನ್ಸರ್ ಸಂಸ್ಥೆಯಲ್ಲಿ, ೧೯೮೨ರಿಂದ ಆ ನಗರದ ಜನರ ಕ್ಯಾನ್ಸರ್ ರೋಗಗಳ ದಾಖಲೆಯೊಂದನ್ನು ಇಡುತ್ತ ಬಂದಿದ್ದಾರೆ. ಒಂದೇ ಆಸ್ಪತ್ರೆಗೆ ಬಂದ ರೋಗಿಗಳನ್ನಷ್ಟೇ ಅಲ್ಲದೆ, ನಗರದ ನಿವಾಸಿಗಳಲ್ಲಿ ಯಾರಿಗೆ ರೋಗ ಬಂದರೂ ಬರೆದುಕೊಳ್ಳುವ ದಾಖಲೆಯಿದು. ಇದನ್ನು ಆಧರಿಸಿ ನಂದಕುಮಾರ್ ಎಂಬ ವಿಜ್ಞಾನಿಯೂ ಅವರ ಸಹೋದ್ಯೋಗಿಗಳೂ ಬಾಯಿಯ ಕ್ಯಾನ್ಸರ್ ಆದ ೩೪೮ ಮಂದಿಯನ್ನು ಪರಿಶೀಲನೆಗೆ ತೆಗೆದುಕೊಂಡರು. ಇವರಿಗೆ ವಯಸ್ಸು ಮತ್ತು ಲಿಂಗಗಳಲ್ಲಿ ಸರಿಹೊಂದುವ, ಅದೇ ವಾಸಪ್ರದೇಶದ, ಕ್ಯಾನ್ಸರ್ ಇಲ್ಲದ ಜನರನ್ನು ಜೋಡಿಯಾಗಿ ಆರಿಸಿದರು. ಫಲಿತಾಂಶಗಳು ೧೯೯೦ರಲ್ಲಿ ಬ್ರಿಟಿಷ್ ಜರ್ನಲ್ ಆಫ್ ಕ್ಯಾನ್ಸರ್ ಎಂಬ ಪತ್ರಿಕೆಯಲ್ಲಿ ಪ್ರಕಟವಾದವು.

ಮೊದಲನೆಯ ಫಲಿತಾಂಶವು ಹೊಗೆಸೊಪ್ಪು ಸೇರಿಸಿದ ಎಲೆಅಡಿಕೆಯನ್ನು ಕುರಿತದ್ದು. ಅದನ್ನು ಅಗಿಯುವ ಗಂಡಸರಿಗೂ ಹೆಂಗಸರಿಗೂ ಅಪಾಯವು ಹೆಚ್ಚಾಗಿ ಕಂಡಿತು. ಹೆಂಗಸರಲ್ಲಿ ಅದು ಅಗಿಯದವರಿಗಿಂತ ೨೫.೩ ಪಟ್ಟು ಎಂದು ಲೆಕ್ಕ ಬಂದಿತು. ಇಂತಹ ಲೆಕ್ಕದಲ್ಲಿ ಅದೃಷ್ಟವಶಾತ್ ಆಗುವ ಏರುಪೇರು ಇದ್ದೇ ಇರುತ್ತದೆ. ಆದುದರಿಂದ ನಿಜವಾದ ಸಂಖ್ಯೆ ೧೧.೨ರಿಂದ ೫೭.೩ರ ನಡುವೆ ಇರಬಹುದೆಂದು ಅವರು ತಿಳಿಸಿದರು. ಅತಿ ಕಡಮೆಯದನ್ನೇ ಹಿಡಿದರೂ ಹನ್ನೊಂದು ಪಟ್ಟು! ಅಷ್ಟೇ ಅಲ್ಲ, ಎಷ್ಟು ವರ್ಷಗಳಿಂದ ಅಗಿಯುತ್ತಾರೆ, ದಿನಕ್ಕೆ ಎಷ್ಟು ಸಲ ಅಗಿಯುತ್ತಾರೆ, ಎಷ್ಟು ಹೊತ್ತು ದವಡೆಯಲ್ಲಿ ಇಟ್ಟುಕೊಳ್ಳುತ್ತಾರೆ ಎಂಬ ಮೂರೂ ಹೆಚ್ಚಿದಂತೆ ಅಪಾಯವೂ ಮೆಟ್ಟಿಲು ಮೆಟ್ಟಿಲಾಗಿ ಏರಿತು. ಬೀಡಿ ಸಿಗರೇಟುಗಳಿಂದ ಅಪಾಯವು ಸ್ವಲ್ಪ ಮಾತ್ರ ಹೆಚ್ಚಿದಂತೆ ಕಂಡಿತು. ಮದ್ಯಪಾನದಿಂದಲೂ ನಶ್ಯದಿಂದಲೂ ವ್ಯತ್ಯಾಸ ಕಾಣಲಿಲ್ಲ.

ಎರಡನೆಯ ಫಲಿತಾಂಶವು ಯಾರೂ ನಿರೀಕ್ಷಿಸದೆ ಇದ್ದುದು. ರಾಗಿಯನ್ನು ಮುಖ್ಯ ಧಾನ್ಯವಾಗಿ ಉಣ್ಣುವವರಲ್ಲಿ, ಉಣ್ಣದವರಿಗಿಂತ, ಬಾಯಿಯ ಕ್ಯಾನ್ಸರಿನ ಅಪಾಯ ಬಹಳ ಹೆಚ್ಚೆಂದು ಲೆಕ್ಕ ತೋರಿಸಿತು. ರಾಗಿಯನ್ನು ಉಂಡು ಹೊಗೆಸೊಪ್ಪನ್ನೂ ಅಗಿಯುವವರಲ್ಲಿ ಅದು ಮತ್ತಷ್ಟು ಹೆಚ್ಚಾಗಿತ್ತು. ಸಂಶೋಧಕರು ತಮಗೆ ಕಂಡುದನ್ನು ಮುಚ್ಚಿಡದೆ ಪ್ರಕಟಿಸಿದರು. ವಿಜ್ಞಾನಿಯ ಧರ್ಮವೂ ಅದೇ.

ರಾಗಿ ಅಪರಾಧಿಯೆ?

ರಾಗಿಯ ಮುದ್ದೆಯಿಂದ ಬೆಳೆದ ನಮ್ಮ ಜನರು ಇದನ್ನು ಕೇಳಿ ಗಾಬರಿಯಾಗುವುದು ಸಹಜ. ಆದರೆ ಇದುವರೆಗೆ ಕಲಿತ ನಿಯಮಗಳಿಂದ ವಿಚಾರಿಸಿ ನೋಡೋಣ.

ಜೋಡಿ ಕಟ್ಟಿದುದು ಯಾವುದರಲ್ಲಿ? ವಯಸ್ಸಿನಲ್ಲಿ, ಲಿಂಗದಲ್ಲಿ, ವಾಸದ ಪ್ರದೇಶದಲ್ಲಿ. ಆದುದರಿಂದ ಈ ಮೂರು ನಮ್ಮನ್ನು ದಾರಿ ತಪ್ಪಿಸಲಾರವು. ಆದರೆ ಒಂದೇ ಬಡಾವಣೆಯಲ್ಲಿ ಸ್ಥಿತಿವಂತನೂ ಇರುತ್ತಾನೆ, ಬಡವನೂ ಇರುತ್ತಾನೆ. ದೊಡ್ಡ ನಗರದಲ್ಲಿ ದಿನವೂ ರಾಗಿಯನ್ನೇ ಉಣ್ಣುತ್ತಿದ್ದವರು ಯಾರು, ಅಕ್ಕಿಯನ್ನು ಉಣ್ಣುತ್ತಿದ್ದವರು ಯಾರು? ಮೈಮುರಿದು ದುಡಿಯುವ ಬಡವರ ತಟ್ಟೆಯಲ್ಲಿ ಮುದ್ದೆ ಹೆಚ್ಚು, ಹಣ್ಣು ತರಕಾರಿ ಕಡಮೆ ಇದ್ದಿರಬಹುದು. ಹಣ್ಣು ತರಕಾರಿಗಳನ್ನು ಕಡಮೆ ತಿನ್ನುವವರಲ್ಲಿ ಬಾಯಿಯ ಕ್ಯಾನ್ಸರ್ ಹೆಚ್ಚೆಂದು ಬೇರೆ ಹಲವು ಸಂಶೋಧನೆಗಳಲ್ಲಿ ಕಂಡುಬಂದಿದೆ. ಹಾಗಿದ್ದರೆ ರಾಗಿಯು ನಮ್ಮ ಉದಾಹರಣೆಯ ನರೆಗೂದಲಿನಂತೆ ಬರಿಯ ಗುರುತಾಗಿ, ಬಡತನವೇ ನಡುವೆ ನಿಂತ ಮೂರನೆಯ ಸಂಗತಿಯಾಗಿರುವ ಸಂಭವವುಂಟು. ಜೋಡಿ ಕಟ್ಟದ ಸಂಗತಿಗಳ ವಿಷಯದಲ್ಲಿ ಜೋಡಿಯು ನಮ್ಮನ್ನು ಕಾಪಾಡಲಾರದು.

ಎರಡನೆಯದಾಗಿ ನೆನಪಿನ ಪ್ರಶ್ನೆ. ಹಿಂದಕ್ಕೆ ನೋಡುವ ಮಾರ್ಗದಲ್ಲಿ ಸಾಕ್ಷಿಯೆಲ್ಲ ನೆನಪಿನಿಂದಲೇ ಬರಬೇಕು. ರೋಗ ಬಂದವನು "ನನಗೇಕೆ ಬಂದಿತು?" ಎಂದು ಹಗಲಿರುಳು ಯೋಚಿಸಿ ಹಳೆಯದನ್ನೆಲ್ಲ ಕೆದಕುತ್ತಾನೆ; ಆರೋಗ್ಯವಂತನಿಗೆ ಆ ಚಿಂತೆಯಿಲ್ಲ. ಬಾಯಿಯಲ್ಲಿ ನೋವಿರುವವನು ಮೆತ್ತಗಿನ ಆಹಾರಕ್ಕೆ ತಿರುಗುವುದೂ ಉಂಟು. ಆಗ ರೋಗವೇ ಊಟವನ್ನು ಬದಲಾಯಿಸಿದಂತಾಗುತ್ತದೆ. ಇವನ್ನು ಜೋಡಿಯಿಂದ ಸರಿಪಡಿಸಲಾಗದು. ಪ್ರಶ್ನೆ ಕೇಳುವ ಕ್ರಮದಿಂದಲೇ ಸರಿಪಡಿಸಬೇಕು.

ಮೂರನೆಯದು ಮತ್ತು ಮುಖ್ಯವಾದುದು, ಬೇರೆ ಕಡೆಯ ಸಾಕ್ಷಿ. ಹೊಗೆಸೊಪ್ಪಿನ ವಿಷಯದಲ್ಲಿ ಮುಂಬಯಿ, ಬೆಂಗಳೂರು, ತಿರುವನಂತಪುರ ಎಲ್ಲಿ ವಿಚಾರಿಸಿದರೂ ಒಂದೇ ಉತ್ತರ ದೊರೆಯಿತು. ಪ್ರಮಾಣ ಹೆಚ್ಚಿದಂತೆ ಅಪಾಯವೂ ಹೆಚ್ಚಿತು. ರಸಾಯನಶಾಸ್ತ್ರಜ್ಞರು ಹೊಗೆಸೊಪ್ಪಿನಲ್ಲಿ ಕ್ಯಾನ್ಸರ್ ತರುವ ನೈಟ್ರೋಸಮೈನ್ ಎಂಬ ವಸ್ತುಗಳನ್ನು ಕಂಡುಹಿಡಿದರು. ಡಾಲ್ ಅವರ ಸಂಗಡಿಗರಾಗಿದ್ದ ಹಿಲ್ ಅವರೇ ೧೯೬೫ರಲ್ಲಿ, ಒಂದು ಸಂಬಂಧವನ್ನು ಕಾರಣವೆಂದು ಒಪ್ಪುವ ಮೊದಲು ಇಂತಹ ಹಲವು ಸಂಗತಿಗಳನ್ನು ತೂಗಿ ನೋಡಬೇಕೆಂದು ವಿವರಿಸಿದ್ದರು. ವಿಶ್ವ ಆರೋಗ್ಯ ಸಂಸ್ಥೆಗೆ ಸೇರಿದ ಅಂತರರಾಷ್ಟ್ರೀಯ ಕ್ಯಾನ್ಸರ್ ಸಂಶೋಧನ ಸಂಸ್ಥೆಯು ಹೊಗೆಸೊಪ್ಪು ಸೇರಿದ ಎಲೆಅಡಿಕೆಯು ಮನುಷ್ಯರಿಗೆ ಕ್ಯಾನ್ಸರ್ ತರುವುದೆಂದು ೧೯೮೫ರಲ್ಲಿ ಸಾರಿತು. ಹೊಗೆಸೊಪ್ಪಿಲ್ಲದ ಎಲೆಅಡಿಕೆಯೂ ಬರಿಯ ಅಡಿಕೆಯೂ ಹಾಗೆಯೇ ಎಂದು ೨೦೦೪ರಲ್ಲಿ ಪ್ರಕಟಿಸಿತು. ರಾಗಿಯು ಆ ಸಂಸ್ಥೆಯ ಕ್ಯಾನ್ಸರ್‌ಕಾರಕಗಳ ಪಟ್ಟಿಯಲ್ಲಿಲ್ಲ. ೨೦೨೩ನೆಯ ವರ್ಷವನ್ನು ವಿಶ್ವಸಂಸ್ಥೆಯು ರಾಗಿ ಮೊದಲಾದ ಕಿರುಧಾನ್ಯಗಳ ವರ್ಷವಾಗಿ ಆಚರಿಸಿತು ಕೂಡ.

ಇನ್ನೊಂದು ಮಾತನ್ನು ಇಲ್ಲಿಯೇ ಹೇಳಬೇಕು. ಬೆಂಗಳೂರಿನ ಲೆಕ್ಕದಲ್ಲಿ ಮದ್ಯಪಾನದ ದೋಷ ಕಾಣಲಿಲ್ಲವೆಂದು ಯಾರೂ ಸಮಾಧಾನಪಟ್ಟುಕೊಳ್ಳಬಾರದು. ಮದ್ಯವೂ ಧೂಮಪಾನವೂ ಬಾಯಿಯ ಕ್ಯಾನ್ಸರಿಗೆ ಕಾರಣವೆಂಬುದು ಇತರ ಅನೇಕ ಸಂಶೋಧನೆಗಳಿಂದ ಸ್ಥಿರಪಟ್ಟಿದೆ. ಒಂದು ಸಂಶೋಧನೆ ಒಬ್ಬ ಸಾಕ್ಷಿ ಮಾತ್ರ. ಒಬ್ಬನೇ ಸಾಕ್ಷಿಯ ಮಾತಿನಿಂದ ರಾಗಿಯನ್ನು ಶಿಕ್ಷಿಸುವುದು ಎಷ್ಟು ತಪ್ಪೋ, ಮದ್ಯವನ್ನು ಬಿಡುಗಡೆ ಮಾಡುವುದೂ ಅಷ್ಟೇ ತಪ್ಪು.

ನಾವು ತಿಳಿಯಬೇಕಾದುದು

"ನಮ್ಮ ಅಜ್ಜಿ ತೊಂಬತ್ತು ವರ್ಷದವರೆಗೆ ಹೊಗೆಸೊಪ್ಪು ಅಗಿದರು, ಅವರಿಗೆ ಏನೂ ಆಗಲಿಲ್ಲ" ಎಂದು ಹೇಳುವವರು ಪ್ರತಿ ಊರಿನಲ್ಲಿಯೂ ಇದ್ದಾರೆ. ಅವರ ಮಾತು ಸುಳ್ಳಲ್ಲ. ಇಪ್ಪತ್ತೈದು ಪಟ್ಟು ಅಪಾಯವೆಂದರೆ ಅಗಿಯುವ ನೂರು ಮಂದಿಯಲ್ಲಿ ಇಪ್ಪತ್ತೈದು ಮಂದಿಗೆ ರೋಗ ಬರುತ್ತದೆಂದು ಅರ್ಥವಲ್ಲ. ಅಗಿಯದವರಲ್ಲಿ ಬಹಳ ವಿರಳವಾಗಿರುವುದು ಅಗಿಯುವವರಲ್ಲಿ ಅದರ ಹಲವು ಪಟ್ಟು ಆಗುತ್ತದೆಂದು ಮಾತ್ರ ಅರ್ಥ. ಅನೇಕರು ತಪ್ಪಿಸಿಕೊಳ್ಳುತ್ತಾರೆ. ಆದರೆ ತಪ್ಪಿಸಿಕೊಂಡ ಅಜ್ಜಿ ನಮ್ಮ ಕಣ್ಣೆದುರಿಗೆ ಇರುತ್ತಾರೆ, ತಪ್ಪಿಸಿಕೊಳ್ಳಲಾರದೆ ಹೋದವರು ಮಾತನಾಡಲು ಉಳಿದಿರುವುದಿಲ್ಲ. ಎರಡು ಕಡೆಯವರನ್ನೂ ಎಣಿಸಿದಾಗಲೇ ಸತ್ಯ ತಿಳಿಯುವುದು.

ತಂದೆತಾಯಿಗಳಲ್ಲಿ ನಮ್ಮ ವಿಜ್ಞಾಪನೆಯಿಷ್ಟು. ಹೊಗೆಸೊಪ್ಪನ್ನು ಯಾವ ರೂಪದಲ್ಲಿಯೂ, ಕಡ್ಡಿಪುಡಿಯಾಗಲಿ ಗುಟ್ಕಾ ಆಗಲಿ, ಬಳಸಬೇಡಿರಿ. ಅಡಿಕೆಯನ್ನೂ ಮಕ್ಕಳ ಕೈಗೆ ಕೊಡಬೇಡಿರಿ. ಸಂಚಿಯನ್ನು ತುಂಬಿಸಿ ತರಲು ಮಕ್ಕಳನ್ನು ಅಂಗಡಿಗೆ ಕಳುಹಿಸಬೇಡಿರಿ. ಹದಿನೆಂಟು ವರ್ಷ ತುಂಬದವರಿಗೆ ತಂಬಾಕಿನ ಪದಾರ್ಥಗಳನ್ನು ಮಾರುವುದನ್ನೂ, ವಿದ್ಯಾಸಂಸ್ಥೆಗಳ ನೂರು ಗಜದೊಳಗೆ ಮಾರುವುದನ್ನೂ ೨೦೦೩ರ ಕಾಯಿದೆ ನಿಷೇಧಿಸಿದೆ. ಬಾಯಿಯ ಒಳಗೆ ಬಿಳಿಯ ಅಥವಾ ಕೆಂಪು ಮಚ್ಚೆ ಕಂಡರೆ, ಹುಣ್ಣು ಎರಡು ಮೂರು ವಾರಗಳಾದರೂ ಮಾಯದಿದ್ದರೆ, ಬಾಯಿ ತೆರೆಯುವುದು ಕಷ್ಟವಾದರೆ, ತಡಮಾಡದೆ ವೈದ್ಯರಿಗೆ ತೋರಿಸಬೇಕು. ಬೇಗ ಕಂಡುಹಿಡಿದ ರೋಗವನ್ನು ಗುಣಪಡಿಸುವುದು ಸುಲಭ. ಇನ್ನು ರಾಗಿಯ ಮುದ್ದೆಯನ್ನು ನಿಶ್ಚಿಂತೆಯಿಂದ ಉಣ್ಣಿರಿ. ಜತೆಗೆ ಸೊಪ್ಪು, ತರಕಾರಿ, ಹಣ್ಣು ಇರಲಿ.

ವಿದ್ಯಾರ್ಥಿಗಳಿಗೆ ಹೇಳುವುದು ಇನ್ನೊಂದಿದೆ. ಮುಂದೆ ನೀವು ವೈದ್ಯರಾಗಿರಿ, ರೈತರಾಗಿರಿ, ಅಧ್ಯಾಪಕರಾಗಿರಿ. "ಇದರಿಂದಲೇ ಅದು ಆಯಿತು" ಎಂದು ಯಾರಾದರೂ ಹೇಳಿದಾಗ ಮೂರು ಪ್ರಶ್ನೆಗಳನ್ನು ಕೇಳಿರಿ. ಯಾರೊಡನೆ ಹೋಲಿಸಿದಿರಿ? ಅವರು ಇವರಿಗೆ ಸರಿಜೋಡಿಯೆ? ನಡುವೆ ಮೂರನೆಯದೇನಾದರೂ ಇದೆಯೆ? ಈ ಪ್ರಶ್ನೆಗಳನ್ನು ಕೇಳುವ ಅಭ್ಯಾಸವು ಮೂಢನಂಬಿಕೆಯನ್ನು ದೂರಮಾಡುತ್ತದೆ, ನಿರಪರಾಧಿಯನ್ನು ಕಾಪಾಡುತ್ತದೆ, ನಿಜವಾದ ಶತ್ರುವನ್ನು ತೋರಿಸಿಕೊಡುತ್ತದೆ. ಶಾಲೆಯಲ್ಲಿ ಕಲಿತ ಗಣಿತಕ್ಕೆ ಇದಕ್ಕಿಂತ ಒಳ್ಳೆಯ ಉಪಯೋಗ ವಿರಳ.